ಬಿದ್ದ ಕಲ್ಲುಗಳ ಊರಲ್ಲಿ ಒಂದು ಹಗಲು

ಪುಂಟಾ ಗೋರ್ಡಾದ ಸಂತೆ ಬೆಳಕು ಹರಿಯುವ ಹೊತ್ತಿಗೇ ಗಲಗಲ ಎನ್ನುತ್ತಿರುತ್ತದೆ. ಒಂದು ಪಕ್ಕದಲ್ಲಿ ಕೆರಿಬಿಯನ್ ಕಡಲು, ಇನ್ನೊಂದು ಪಕ್ಕದಲ್ಲಿ ಬಣ್ಣ ಮಾಸಿದ ಮರದ ಮನೆಗಳು, ನಡುವಿನ ಬೀದಿಗೆ ಹಳ್ಳಿಗಳಿಂದ ಒಂದೊಂದಾಗಿ ಬಂದು ನಿಲ್ಲುವ ಹಳೆಯ ಬಸ್ಸುಗಳು. ಅವುಗಳಿಂದ ಇಳಿಯುವ ಮಾಯಾ ಹೆಂಗಸರು ಗಿಡ್ಡ, ಗಟ್ಟಿಮುಟ್ಟು. ಹೊಳೆಯುವ ಬಣ್ಣದ ಲಂಗ, ಬೆನ್ನ ಮೇಲೆ ಮೂಟೆ, ಮೂಟೆಯ ಪಕ್ಕದಲ್ಲೇ ಮಲಗಿದ ಮಗು. ನೆಲದ ಮೇಲೆ ಗೋಣಿ ಹಾಸಿ ಬಾಳೆಹಣ್ಣು, ಕಪ್ಪು ಬೀನ್ಸ್ ಕಾಳು, ಮೆಣಸಿನಕಾಯಿ, ಎಲೆಯಲ್ಲಿ ಸುತ್ತಿದ ಕೋಪಲ್ ಧೂಪ, ಎಲ್ಲವನ್ನೂ ಚಿಕ್ಕ ಚಿಕ್ಕ ಗುಡ್ಡೆ ಮಾಡಿ ಇಡುತ್ತಾರೆ. ಕೋಪಲ್ ಎಂದರೆ ಮರದ ಅಂಟು. ಅದರ ವಾಸನೆ ಮೂಗಿಗೆ ಬಿದ್ದದ್ದೇ ನನಗೆ ಪುತ್ತೂರಿನ ನಮ್ಮ ಮನೆಯ ದೇವರ ಕೋಣೆಯಲ್ಲಿ ಸಂಜೆ ಕೆಂಡಕ್ಕೆ ಹಾಕುತ್ತಿದ್ದ ರಾಳದ ನೆನಪಾಯಿತು. ಅದೇ ಸಂತೆಯಲ್ಲಿ ನಮ್ಮವರಂತೆಯೇ ಕಾಣುವ ಕೆಲವು ಮುಖಗಳೂ ಇದ್ದವು. ಇಂಗ್ಲಿಷರ ಕಾಲದಲ್ಲಿ ಕಬ್ಬಿನ ತೋಟಗಳ ಕೂಲಿಗೆಂದು ಹಡಗೇರಿ ಬಂದ ಭಾರತೀಯರ ಸಂತತಿಯವರು. ಭಾಷೆ ಹೋಗಿದೆ; ಅಡುಗೆಯಲ್ಲಿ ಅರಿಸಿನ ಉಳಿದಿದೆ.

ಇದು ಬೆಲೀಜ್ ದೇಶದ ದಕ್ಷಿಣದ ತುದಿ, ಟೊಲೆಡೊ ಜಿಲ್ಲೆ. 1981ರವರೆಗೆ ಬ್ರಿಟಿಷರ ಕೈಯಲ್ಲಿದ್ದ ಪುಟ್ಟ ದೇಶ. ಒಂದೇ ಹಗಲಿನಲ್ಲಿ ಮಾಯಾ ಜನರ ಹಾಳೂರು, ಗುಹೆಯಿಂದ ಹೊರಬರುವ ಹೊಳೆಯಲ್ಲಿ ಈಜು, ಸಂಜೆಗೆ ಮನೆಯಲ್ಲಿ ಅರೆದ ಚಾಕೊಲೇಟು, ಇಷ್ಟನ್ನೂ ತೋರಿಸುತ್ತೇನೆಂದು ಒಪ್ಪಿದವರು ಕೆಕ್ಚಿ ಮಾಯಾ ಕುಲದ ಒಬ್ಬ ಮಾರ್ಗದರ್ಶಿ. ನಲವತ್ತರ ಆಸುಪಾಸು, ಮಾತು ಕಡಿಮೆ, ಸೊಂಟದಲ್ಲಿ ಉದ್ದದ ಮಚ್ಚು. "ಮಾ ಸಾ ಲಾ ಚೋಲ್?" ಎಂದರು. ಕೆಕ್ಚಿ ಭಾಷೆಯಲ್ಲಿ ಭೇಟಿಯಾದವರನ್ನು ಕೇಳುವ ಮೊದಲ ಮಾತು ಇದು: ನಿಮ್ಮ ಎದೆಯಲ್ಲಿ ಸಂತೋಷ ಇದೆಯಾ? "ಸಾ" ಎನ್ನಬೇಕು, ಇದೆ ಎಂದು. ಊಟ ಆಯ್ತಾ ಎಂದು ಕೇಳುವ ನಮ್ಮ ಕಡೆಯ ಕಕ್ಕುಲಾತಿಯೇ ಅದರಲ್ಲಿಯೂ ಇತ್ತು.

ಡಾಂಬರು ರಸ್ತೆ ಬಿಟ್ಟು ಒಳಗೆ ಹೊರಳಿದರೆ ಹಸಿರು ಎರಡೂ ಕಡೆಯಿಂದ ಒತ್ತಿಕೊಂಡು ಬರುತ್ತದೆ. ಕೊಹೂನ್ ಎಂಬ ದೈತ್ಯ ತಾಳೆ, ಅದರ ಗರಿ ಹೊದಿಸಿದ ಮನೆಗಳು, ಮನೆಯ ಗರಿಸಂದಿಗಳಿಂದ ಮೆಲ್ಲಗೆ ಜಿನುಗುವ ಒಲೆಯ ಹೊಗೆ. ಸುಣ್ಣದ ನೀರಿನಲ್ಲಿ ಬೇಯಿಸಿದ ಮೆಕ್ಕೆಜೋಳದ ಮಣ್ಣುಮಣ್ಣು ಪರಿಮಳ ರಸ್ತೆಯವರೆಗೂ ಬರುತ್ತಿತ್ತು. ಸ್ಯಾನ್ ಪೆದ್ರೊ ಕೊಲಂಬಿಯಾ ಎಂಬ ಹಳ್ಳಿ ದಾಟಿ, ಏರು ಹತ್ತಿ, ಗಾಡಿ ನಿಲ್ಲಿಸಿದಾಗ ಎದುರಿಗೆ ಕಂಡದ್ದು ಕಲ್ಲಿನ ರಾಶಿ. ಲುಬಾಂಟುನ್. ಹೆಸರಿನ ಅರ್ಥವೇ ಬಿದ್ದ ಕಲ್ಲುಗಳ ಜಾಗ ಎಂದು.

ಹತ್ತಿರ ಹೋದ ಹಾಗೆ ರಾಶಿಯೊಳಗಿನ ಅಚ್ಚುಕಟ್ಟು ಕಾಣಿಸತೊಡಗುತ್ತದೆ. ಇಟ್ಟಿಗೆಯಷ್ಟೇ ನಯವಾಗಿ ಕಡಿದ ಕಲ್ಲು, ಒಂದರ ಮೇಲೊಂದು, ನಡುವೆ ಗಾರೆಯಿಲ್ಲ. ಬೆರಳಿನಿಂದ ಸವರಿ ನೋಡಿದೆ. ಸಂದಿಯಲ್ಲಿ ಉಗುರೂ ಹೋಗುವಂತಿರಲಿಲ್ಲ. ಮೆಟ್ಟಿಲುಸಾಲುಗಳು ಮೂಲೆಗೆ ಬಂದಾಗ ಚೂಪಾಗಿ ಮುರಿಯದೆ ದುಂಡಗೆ ತಿರುಗುತ್ತವೆ. ಸಾವಿರಾರು ಮೈಲಿ ದಾಟಿ ಬಂದದ್ದು ಈ ದುಂಡು ಮೂಲೆಗಳಿಗಾಗಿಯೇ ಎಂದುಕೊಂಡರೂ ನಷ್ಟವಿಲ್ಲ, ಅಷ್ಟು ಚೆಂದ. ಕ್ರಿ.ಶ. 730ರ ಸುಮಾರಿಗೆ ಎದ್ದ ಊರು ಒಂದೂವರೆ ಶತಮಾನದಷ್ಟು ಕಾಲ ಬಾಳಿ ಬರಿದಾಯಿತು. ಪಟ್ಟದಕಲ್ಲಿನಲ್ಲಿ ಲೋಕಮಹಾದೇವಿ ವಿರೂಪಾಕ್ಷ ಗುಡಿ ಕಟ್ಟಿಸುತ್ತಿದ್ದ ಹೊತ್ತಿಗೆ ಇಲ್ಲಿಯೂ ಉಳಿಯ ಸದ್ದು ಕೇಳುತ್ತಿತ್ತು ಎಂದಾಯಿತು. ಕಲ್ಲಿನ ಜಗಲಿಗಳ ಮೇಲೆ ಮರ ಮತ್ತು ಗರಿಯ ಕಟ್ಟಡಗಳಿದ್ದವು. ಅವು ಮಣ್ಣು ಸೇರಿದವು, ಜಗಲಿ ಉಳಿಯಿತು.

ಎರಡು ಗೋಡೆಗಳ ನಡುವೆ ಉದ್ದನೆಯ ಓಣಿಯಂಥ ಅಂಗಳ. ರಬ್ಬರಿನ ಚೆಂಡಾಟ ಇಲ್ಲಿ ನಡೆಯುತ್ತಿತ್ತು. 1915ರಲ್ಲಿ ಹಾರ್ವರ್ಡಿನಿಂದ ಬಂದ ಮರ್ವಿನ್ ಎಂಬ ವಿದ್ವಾಂಸರಿಗೆ ಈ ಅಂಗಳದಲ್ಲಿ ಆಟಗಾರರ ಕೆತ್ತನೆಯಿರುವ ಮೂರು ಕಲ್ಲುಗಳು ಸಿಕ್ಕವು. ಬೇರೆ ಮಾಯಾ ಊರುಗಳಲ್ಲಿ ಅರಸರ ಚಿತ್ರ, ತಿಥಿ, ವಂಶಾವಳಿ ಕೊರೆದ ಎತ್ತರದ ಶಿಲಾಸ್ತಂಭಗಳಿರುತ್ತವೆ. ಇಲ್ಲಿ ಅಂಥ ಒಂದೂ ಇಲ್ಲ. ಬದಲಿಗೆ ಸಿಕ್ಕಿದ್ದು ಅಚ್ಚಿನಲ್ಲಿ ಒತ್ತಿ ಸುಟ್ಟ ಮಣ್ಣಿನ ಬೊಂಬೆಗಳು, ರಾಶಿ ರಾಶಿ. ಅಂಗೈಯಲ್ಲಿ ಹಿಡಿಯುವಷ್ಟು ಪುಟ್ಟವು, ಹಿಂಬದಿಯಲ್ಲಿ ತೂತು, ಊದಿದರೆ ಪೀಪಿ. ಮಗುವನ್ನು ಎತ್ತಿಕೊಂಡ ತಾಯಿ, ಚೆಂಡಾಟದವನು, ಹಕ್ಕಿ, ಜೋಳ ಅರೆಯುತ್ತಿರುವ ಹೆಂಗಸು. ಅದೇ ಮಾದರಿಯಲ್ಲಿ ಈಗ ಮಾಡಿದ ಒಂದನ್ನು ಮಾರ್ಗದರ್ಶಿ ಜೇಬಿನಿಂದ ತೆಗೆದು ಊದಿದರು. ಎರಡೇ ಸ್ವರ. ಕಾಡಿನಂಚಿನಲ್ಲಿ ಎಲ್ಲೋ ಒಂದು ಹಕ್ಕಿ ತಟ್ಟನೆ ಸುಮ್ಮನಾಯಿತು.

ಲುಬಾಂಟುನ್ ಎಂದರೆ ಲೋಕಕ್ಕೆ ನೆನಪಾಗುವುದು ಮಾತ್ರ ಒಂದು ಸ್ಫಟಿಕದ ತಲೆಬುರುಡೆ. 1920ರ ದಶಕದಲ್ಲಿ ಇಲ್ಲಿನ ಕಲ್ಲುಗಳ ಅಡಿಯಲ್ಲಿ ಸಿಕ್ಕಿತೆಂದು ಇಂಗ್ಲಿಷ್ ಸಾಹಸಿಯೊಬ್ಬರ ಸಾಕುಮಗಳು ಆ್ಯನಾ ಮಿಚೆಲ್ ಹೆಡ್ಜಸ್ ಹೇಳುತ್ತಾ ಬಂದರು. ಆದರೆ ಆಕೆಯ ತಂದೆ ಅದನ್ನು ಲಂಡನ್ನಿನಲ್ಲಿ ದುಡ್ಡು ಕೊಟ್ಟು ಕೊಂಡದ್ದು 1940ರ ದಶಕದಲ್ಲಿ; ಸೂಕ್ಷ್ಮದರ್ಶಕದಲ್ಲಿ ಕಂಡದ್ದು ಆಧುನಿಕ ಯಂತ್ರದ ಗೀರುಗಳು. ಆ ಬುರುಡೆಯ ಕಥೆ ಕೇಳಲು ಬರುವವರು ಈ ಪೀಪಿಗಳನ್ನು ನೋಡದೆ ಹೋಗುತ್ತಾರಲ್ಲ ಎಂದು ನನಗೆ ನಿಜಕ್ಕೂ ಸಂಕಟವಾಯಿತು.

ಇನ್ನೂ ಒಂದು ತಪ್ಪು ತಿಳಿವಳಿಕೆ ಇದೆ, ಅದು ನಮ್ಮಲ್ಲಿಯೂ ಇದೆ. ಹೆಸರು ಮಾಯಾ ಎಂದಿರುವುದರಿಂದಲೋ ಏನೋ, ಆ ಜನ ಮಾಯವಾದರೆಂದೇ ನಾವು ಶಾಲೆಯಲ್ಲಿ ಕೇಳಿಕೊಂಡು ಬೆಳೆದೆವು. ನಗರಗಳು ಬರಿದಾದವು, ಜನ ಇದ್ದರು. ಹದಿನೇಳನೆಯ ಶತಮಾನದಲ್ಲಿ ಈ ಕಾಡಿನಲ್ಲಿದ್ದ ಚೋಲ್ ಮಾಯಾ ಜನರನ್ನು ಸ್ಪೇನಿನವರು ಹಿಡಿದು ಗ್ವಾಟೆಮಾಲಾದ ಬೆಟ್ಟಗಳಿಗೆ ಸಾಗಿಸಿದರು; ಅಲ್ಲಿ ಕೆಕ್ಚಿಗಳೊಡನೆ ಬೆರೆತವರೂ ಉಂಟು. ಹತ್ತೊಂಬತ್ತನೆಯ ಶತಮಾನದ ಕೊನೆಗೆ ಅದೇ ಗ್ವಾಟೆಮಾಲಾದ ಕಾಫಿ ತೋಟಗಳ ಬಿಟ್ಟಿ ದುಡಿಮೆಯಿಂದ ತಪ್ಪಿಸಿಕೊಂಡು ಕೆಕ್ಚಿಗಳು, ತೆರಿಗೆ ತಾಳಲಾರದೆ ಮೋಪಾನ್ ಮಾಯಾ ಜನ, ಈ ಕಡೆ ನಡೆದು ಬಂದರು. "ನಾವು ಬಂದಾಗ ಗಡಿ ಎಲ್ಲಿತ್ತು ಎಂದು ಅಜ್ಜನಿಗೆ ಗೊತ್ತಿರಲಿಲ್ಲ. ಅವರಿಗೆ ಗೊತ್ತಿದ್ದದ್ದು ಹೊಳೆ" ಎಂದರು ಮಾರ್ಗದರ್ಶಿ.

ಆ ಹೊಳೆಗಳಲ್ಲೊಂದಕ್ಕೆ ನಾವು ಹೊರಟೆವು. ಬ್ಲೂ ಕ್ರೀಕ್ ಹಳ್ಳಿಯಿಂದ ದಡದ ಕಾಲುದಾರಿ ಹಿಡಿದು ನಡೆದರೆ, ಬೇರುಗಳನ್ನು ಹಿಡಿದು, ಪಾಚಿಗಲ್ಲು ತಪ್ಪಿಸಿ, ಬೆವರು ಕಣ್ಣಿಗಿಳಿಯುವ ಹೊತ್ತಿಗೆ ಗಾಳಿ ಇದ್ದಕ್ಕಿದ್ದಂತೆ ತಣ್ಣಗಾಗುತ್ತದೆ. ತಲೆಯೆತ್ತಿದರೆ ಬೆಟ್ಟದ ಬುಡದಲ್ಲಿ ಬಾಯಿ ತೆರೆದ ಗುಹೆ, ಅದರೊಳಗಿಂದ ಹೊಳೆಯೇ ನಡೆದುಕೊಂಡು ಬರುತ್ತಿದೆ. ಗುಹೆಯ ಹೆಸರು ಹೊಕೆಬ್ ಹಾ. ಇಡೀ ಬೆಟ್ಟ ಸುಣ್ಣಕಲ್ಲು. ಮೇಲೆ ಬಿದ್ದ ಮಳೆ ಬಿರುಕುಗಳಲ್ಲಿ ಇಂಗಿ, ಕಲ್ಲನ್ನು ಕರಗಿಸುತ್ತಾ ಒಳಗೇ ದಾರಿ ಕೊರೆದುಕೊಂಡು ಇಲ್ಲಿ ಬೆಳಕಿಗೆ ಬರುತ್ತದೆ. ಬೇಸಗೆಯಾದ್ದರಿಂದ ನೀರು ತಿಳಿನೀಲಿ, ತಳದ ಪ್ರತಿ ಹರಳೂ ಕಾಣುವಷ್ಟು ಸ್ವಚ್ಛ. ಮಳೆಗಾಲದಲ್ಲಿ ಟೊಲೆಡೊ ನಮ್ಮ ಮಲೆನಾಡಿನ ಹಾಗೆ ಸುರಿಸಿಕೊಳ್ಳುತ್ತದೆ. ಆಗ ಈ ಬಾಯಿಗೆ ಯಾರೂ ಇಳಿಯುವುದಿಲ್ಲ.

ಲೈಫ್ ಜಾಕೆಟ್ ಬಿಗಿದು, ಹಣೆಗೆ ದೀಪ ಕಟ್ಟಿ ನೀರಿಗಿಳಿದಾಗ ಮೊದಲ ಉಸಿರು ಎದೆಯಲ್ಲೇ ನಿಂತಿತು, ಅಷ್ಟು ಚಳಿ. ಹತ್ತು ಹದಿನೈದು ಕೈ ಬೀಸಿದ ಮೇಲೆ ಮೈ ಹೊಂದಿಕೊಂಡಿತು. ಹಿಂದೆ ತಿರುಗಿದರೆ ಗುಹೆಯ ಬಾಯಿ ಹಸಿರು ನಾಣ್ಯದಷ್ಟಾಗಿ, ತಿರುವಿನಲ್ಲಿ ಅದೂ ಮರೆಯಾಯಿತು. ಮಾರ್ಗದರ್ಶಿ ದೀಪ ಆರಿಸಲು ಹೇಳಿದರು. ಕಣ್ಣು ಮುಚ್ಚಿದರೂ ತೆರೆದರೂ ಒಂದೇ ಆದ ಕತ್ತಲು. ಬಾವಲಿಯ ರೆಕ್ಕೆ, ಹನಿ ಬೀಳುವ ಟಪ್, ಇನ್ನೂ ಒಳಗೆ ಎಲ್ಲೋ ಧುಮ್ಮಿಕ್ಕುವ ನೀರಿನ ಗುಡುಗು. ಮಾಯಾ ಜನಕ್ಕೆ ಗುಹೆ ಎಂದರೆ ಪಾತಾಳದ ಬಾಗಿಲು, ಮಳೆದೇವರ ಮನೆ. ಈ ಗುಹೆಯೊಳಗೂ ಲುಬಾಂಟುನ್ ಕಾಲದ ಮಡಕೆಗಳು ಸಿಕ್ಕಿವೆ. ಆ ಕತ್ತಲಲ್ಲಿ, ಕುತ್ತಿಗೆಯವರೆಗೆ ನೀರಿನಲ್ಲಿ ತೇಲುತ್ತಾ, ಪಂಜು ಹಿಡಿದು ಮಡಕೆ ಹೊತ್ತು ಬಂದವರ ಭಯಭಕ್ತಿ ನನಗೆ ವಿವರಿಸಬೇಕಾಗಿರಲಿಲ್ಲ.

ಹಿಂದಿರುಗುವ ದಾರಿಯ ಒಂದು ಹಳ್ಳಿಯಲ್ಲಿ ಕೋಕೋ ತೋಟ. ನಾನು ಅಡಿಕೆ ಮರಗಳ ಸಾಲಿನ ಮಧ್ಯೆ ಕೋಕೋ ನೋಡಿ ಬೆಳೆದವನು. ಇಲ್ಲಿ ಸಾಲೇ ಇಲ್ಲ. ಕಾಡುಮರ, ಬಾಳೆ, ಹಲಸಿನಷ್ಟು ಅಗಲದ ನೆರಳಿನ ಮರಗಳು, ಅವುಗಳ ಕೆಳಗೆ ಕಾಂಡಕ್ಕೇ ಅಂಟಿಕೊಂಡ ಕೆಂಪು ಹಳದಿ ಕಾಯಿಗಳು. ನೆರಳಿಗೆ ನೆಟ್ಟ ಒಂದು ಮರವನ್ನು ನೋಡಿ ಕೂಗಿಯೇಬಿಟ್ಟೆ: ಗ್ಲಿರಿಸಿಡಿಯಾ! ನಮ್ಮ ಬೇಲಿಯ ಗೊಬ್ಬರದ ಗಿಡ. ಇದು ಈ ಕಡೆಯಿಂದಲೇ ನಮ್ಮಲ್ಲಿಗೆ ಬಂದದ್ದು. ಇಲ್ಲಿ ಅದರ ಹೆಸರು ಮಾದ್ರೆ ಕಕಾವ್, ಕೋಕೋದ ತಾಯಿ. ನೆಲದ ಮೇಲೆ ಮೊಣಕಾಲು ಮುಳುಗುವಷ್ಟು ತರಗೆಲೆ. ಗುಡಿಸುವುದಿಲ್ಲವೇ ಎಂದೆ. ಗುಡಿಸಿದರೆ ಕಾಯಿ ಇಲ್ಲ ಎಂದರು ಯಜಮಾನರು. ಕೋಕೋ ಹೂವಿನ ಪರಾಗಸ್ಪರ್ಶ ಮಾಡುವ ನುಸಿಗಳು ಆ ಕೊಳೆತ ಎಲೆಗಳಲ್ಲೇ ಹುಟ್ಟುತ್ತವೆ.

ಮಚ್ಚಿನ ಹಿಂಬದಿಯಿಂದ ಒಂದು ಏಟು. ಕಾಯಿ ಒಡೆದು ಬಿಳಿ ತಿರುಳಿನ ಮೂವತ್ತು ನಲವತ್ತು ಬೀಜ. ಬಾಯಿಗೆ ಹಾಕಿ ಚೀಪಿದೆ. ಶಾಲೆಯಿಂದ ಬರುವಾಗ ತೋಟದಲ್ಲಿ ಕದ್ದು ಚೀಪುತ್ತಿದ್ದ ಅದೇ ಹುಳಿಸಿಹಿ.

ಮನೆಯಂಗಳದಲ್ಲಿ ಯಜಮಾನಿತಿ ಒಲೆ ಹೊತ್ತಿಸಿದ್ದರು. ತಿರುಳಿನ ಸಮೇತ ಬೀಜವನ್ನು ಬಾಳೆಯೆಲೆ ಮುಚ್ಚಿ ಐದಾರು ದಿನ ಹುಳಿಬರಿಸಿ, ಬಿಸಿಲಿಗೆ ಒಣಗಿಸಿ ಇಟ್ಟದ್ದು ಸಿದ್ಧವಿತ್ತು. ಕಾವಲಿಯ ಮೇಲೆ ಹಾಕಿ ಬರಿಗೈಯಲ್ಲೇ ಆಡಿಸಿದರು. ಮೊದಲು ಹುಳಿ ವಾಸನೆ, ಆಮೇಲೆ ಸುಟ್ಟ ಹಲಸಿನ ಬೀಜದ್ದು, ಚಟಪಟ ಸದ್ದು ಶುರುವಾದ ಮೇಲೆ ನಾವೆಲ್ಲ ಬಲ್ಲ ಆ ಪರಿಮಳ. ಸಿಪ್ಪೆ ಬಿಡಿಸಿ, ಕೇರಿ, ಮೂರು ಕಾಲಿನ ಅರೆಯುವ ಕಲ್ಲಿಗೆ ಸುರಿದು ಮಂಡಿಯೂರಿ ಕುಳಿತರು. ಬೆಳಗ್ಗೆ ಕಂಡ ಮಣ್ಣಿನ ಬೊಂಬೆಯ ಹೆಂಗಸು ಕುಳಿತಿದ್ದದ್ದೂ ಹೀಗೆಯೇ: ಅದೇ ಇಳಿಜಾರು ಕಲ್ಲು, ಅದೇ ಗುಂಡು, ಅದೇ ಮುಂದಕ್ಕೆ ಬಾಗಿದ ಬೆನ್ನು. ಹನಿ ನೀರು ಹಾಕಲಿಲ್ಲ. ಬೀಜದ ಅರ್ಧದಷ್ಟು ತೂಕ ಬರೀ ಕೊಬ್ಬು. ಕಲ್ಲಿನ ಬಿಸಿಗೆ ಅದು ಕರಗಿ, ಪುಡಿಯಾಗಿದ್ದದ್ದು ನೋಡನೋಡುತ್ತಿದ್ದಂತೆ ಹೊಳೆಯುವ ಕಪ್ಪು ಗಸಿಯಾಯಿತು. ಕರಿಮೆಣಸು, ಸ್ವಲ್ಪ ದಾಲ್ಚಿನ್ನಿ ಸೇರಿಸಿ, ಬಿಸಿನೀರಿನಲ್ಲಿ ಕದಡಿ ಸೋರೆಬುರುಡೆಯಲ್ಲಿ ಕೊಟ್ಟರು. ಕಹಿ, ಖಾರ, ಕೊನೆಗೆ ಬಹಳ ಹೊತ್ತು ಉಳಿಯುವ ಒಂದು ಮೆದು ರುಚಿ. ಬೆಲೀಜಿನ ಕೋಲ್ಹಾ ಎಂಬಲ್ಲಿ ಅಗೆದಾಗ ಸಿಕ್ಕ, ಕ್ರಿಸ್ತಪೂರ್ವ 600ರಷ್ಟು ಹಳೆಯ ಮಣ್ಣಿನ ಗಿಂಡಿಯ ತಳದಲ್ಲಿಯೂ ಇದೇ ಕೋಕೋದ ಅಂಶವಿತ್ತು.

1990ರ ದಶಕದ ಮೊದಲಿಗೆ ಬೆಲೆ ಕುಸಿದು ಕಾಯಿ ಮರದಲ್ಲೇ ಕೊಳೆತ ಕಥೆಯನ್ನು ಯಜಮಾನರು ಹೇಳಿದರು. 1994ರಲ್ಲಿ ಗ್ರೀನ್ ಅಂಡ್ ಬ್ಲ್ಯಾಕ್ಸ್ ಎಂಬ ಇಂಗ್ಲೆಂಡಿನ ಕಂಪನಿ ಟೊಲೆಡೊದ ಬೆಳೆಗಾರರ ಸಂಘದಿಂದ ಬೀಜ ಕೊಂಡು 'ಮಾಯಾ ಗೋಲ್ಡ್' ಎಂಬ ಚಾಕೊಲೇಟು ತಂದಿತು. ಬ್ರಿಟನ್ನಿನಲ್ಲಿ ಫೇರ್‌ಟ್ರೇಡ್ ಮುದ್ರೆ ಪಡೆದ ಮೊದಲ ಸರಕು ಅದು. ನಾನು ನಮ್ಮ ಕಥೆ ಹೇಳಿದೆ: ಖರೀದಿ ನಿಂತು ರೈತರು ಕಂಗೆಟ್ಟಾಗ ಅಡಿಕೆ ಬೆಳೆಗಾರರ ಸಹಕಾರ ಸಂಸ್ಥೆ ಕ್ಯಾಂಪ್ಕೊ ಕೋಕೋ ಕೊಳ್ಳಲು ಮುಂದೆ ಬಂದದ್ದು, 1986ರಲ್ಲಿ ಪುತ್ತೂರಿನಲ್ಲೇ ಚಾಕೊಲೇಟು ಕಾರ್ಖಾನೆ ಎದ್ದದ್ದು. ಅವರು ನಿಧಾನಕ್ಕೆ ತಲೆಯಾಡಿಸಿ, ಬುರುಡೆಗೆ ಇನ್ನೊಂದಷ್ಟು ಸುರಿದರು.

ಹೊರಡುವಾಗ ತೋಟ ಯಾರ ಹೆಸರಲ್ಲಿದೆ ಎಂದು ಕೇಳಿದೆ. "ಊರಿನದು" ಎಂದರು. ಈ ಒಂದು ಮಾತಿಗಾಗಿ ಟೊಲೆಡೊದ ಮಾಯಾ ಹಳ್ಳಿಗಳು ವರ್ಷಗಟ್ಟಲೆ ನ್ಯಾಯಾಲಯದ ಮೆಟ್ಟಿಲು ಹತ್ತಿವೆ. ತಲೆತಲಾಂತರದಿಂದ ಉತ್ತು ಬಿತ್ತಿದ ನೆಲದ ಮೇಲೆ ಅವರ ಹಕ್ಕು ಇದೆ ಎಂದು ಕೆರಿಬಿಯನ್ ನ್ಯಾಯಾಲಯ 2015ರ ಏಪ್ರಿಲ್‌ನಲ್ಲಿ ಒಪ್ಪಿಕೊಂಡಿತು.

ಯಾವಾಗಲಾದರೂ ಆ ಕಡೆ ಹೋಗುವ ಯೋಗ ಬಂದರೆ, ನೀರು ತಿಳಿಯಾಗಿರುವ, ಕೋಕೋ ಹಣ್ಣಾಗುವ ಮಾರ್ಚ್ ಏಪ್ರಿಲ್‌ನಲ್ಲಿ ಹೋಗಿ. ಆ ಹಳ್ಳಿಗಳವರನ್ನೇ ಜತೆಗೆ ಕರೆದುಕೊಳ್ಳಿ, ಅರೆದ ಕೈಗೇ ದುಡ್ಡು ಕೊಡಿ. ಹೊರಡುವ ಮೊದಲು "ಬಾಂತಿಯೋಶ್" ಎನ್ನಿ. ಕೆಕ್ಚಿಯಲ್ಲಿ ಅದು ಧನ್ಯವಾದ.