ಕಂತು ಕಾಣುತ್ತದೆ, ಕೊನೆ ಕಾಣುವುದಿಲ್ಲ

‘ಬಡ್ಡಿದರ ಪರಿಷ್ಕರಣೆಯಾಗಿದೆ. ನಿಮ್ಮ ಮಾಸಿಕ ಕಂತಿನಲ್ಲಿ ಬದಲಾವಣೆ ಇಲ್ಲ.’

2022ರ ಮೇ ತಿಂಗಳಿಂದ 2023ರ ಫೆಬ್ರುವರಿಯವರೆಗೆ ಹೆಚ್ಚುಕಡಿಮೆ ಇದೇ ಧಾಟಿಯ ಸಂದೇಶ ಗೃಹಸಾಲ ಇದ್ದವರ ಮೊಬೈಲಿಗೆ ಮತ್ತೆ ಮತ್ತೆ ಬಂತು. ಓದಿದವರು ‘ಸದ್ಯ ಬಚಾವ್’ ಎಂದುಕೊಂಡು ಫೋನ್ ಕೆಳಗಿಟ್ಟರು. ಆ ಒಂಬತ್ತು ತಿಂಗಳಲ್ಲಿ ರಿಸರ್ವ್ ಬ್ಯಾಂಕು ತಾನು ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರವನ್ನು ಶೇ 4ರಿಂದ ಶೇ 6.5ಕ್ಕೆ ಒಯ್ದಿತ್ತು. ಎರಡೂವರೆ ಪರ್ಸೆಂಟ್ ಏರಿಕೆಯ ಭಾರ ಎಲ್ಲಾದರೂ ಬೀಳಲೇಬೇಕು. ಕಂತಿನ ಮೇಲೆ ಬೀಳಲಿಲ್ಲ ಎಂದರೆ ಅವಧಿಯ ಮೇಲೆ ಬಿದ್ದಿದೆ ಎಂದೇ ಅರ್ಥ.

ಎಷ್ಟು ಬಿತ್ತು ಎಂಬುದನ್ನು ಲೆಕ್ಕ ಹಾಕಿ ನೋಡಿದರೆ ಗಾಬರಿಯಾಗುತ್ತದೆ. ಶೇ 6.75ರ ದರದಲ್ಲಿ 50 ಲಕ್ಷ ಸಾಲವನ್ನು 20 ವರ್ಷಕ್ಕೆ ತೆಗೆದುಕೊಂಡವರ ಇಎಂಐ 38,018 ರೂಪಾಯಿ. ಒಂದಿಷ್ಟು ಕಂತು ಕಟ್ಟಿ ಬಾಕಿ 48.5 ಲಕ್ಷಕ್ಕೆ ಇಳಿದಿರುವಾಗ ದರ ಶೇ 9.25 ಆಯಿತು ಎನ್ನೋಣ. ಆಗ ಒಂದು ತಿಂಗಳ ಬಡ್ಡಿಯೇ 37,385 ರೂಪಾಯಿ. ಅಸಲಿಗೆ ಹೋಗುವುದು 633. ಅದೇ ಕಂತು ಕಟ್ಟುತ್ತಾ ಹೋದರೆ ಸಾಲ ತೀರಲು ಇನ್ನೂ 44 ವರ್ಷ ಬೇಕು! ಮೂವತ್ತೈದನೇ ವಯಸ್ಸಿನಲ್ಲಿ ಮನೆ ಕೊಂಡವನು ಎಂಬತ್ತರ ಹೊಸ್ತಿಲಲ್ಲಿ ಕೊನೆಯ ಕಂತು ಕಟ್ಟಬೇಕು. ಯಾವ ಬ್ಯಾಂಕೂ ಅಲ್ಲಿಯವರೆಗೆ ಕಾಯುವುದಿಲ್ಲ. ಒಂದು ಹಂತ ದಾಟಿದ ಮೇಲೆ ‘ಕಂತು ಹೆಚ್ಚಿಸಿ’ ಎಂದು ಕರೆ ಬಂದೇ ಬರುತ್ತದೆ. ಅಲ್ಲಿಯವರೆಗೆ ಕಟ್ಟಿದ್ದೆಲ್ಲ ಬಡ್ಡಿಯ ಹೊಟ್ಟೆಗೆ.

ನಮ್ಮಲ್ಲಿ ಮನೆಸಾಲದ ಮಾತುಕತೆ ನಡೆಯುವುದೆಲ್ಲ ಎರಡೇ ಅಂಕಿಗಳ ಸುತ್ತ. ಬಡ್ಡಿ ಎಷ್ಟು ಪರ್ಸೆಂಟ್? ತಿಂಗಳಿಗೆ ಎಷ್ಟು ಕಟ್ಟಬೇಕು? ಮೂರನೆಯ ಅಂಕಿ ಅವಧಿ. ಅದನ್ನು ಬ್ಯಾಂಕಿನವರೇ ಅರ್ಜಿಯಲ್ಲಿ ತುಂಬುತ್ತಾರೆ. ನಾವು ಸಹಿ ಹಾಕುತ್ತೇವೆ. ನನ್ನ ಪ್ರಕಾರ ಸಾಲದ ನಿಜವಾದ ಬೆಲೆ ಅಡಗಿರುವುದು ಈ ಮೂರನೆಯ ಅಂಕಿಯಲ್ಲಿ.

ಈಗ ಶೇ 8.5ರ ದರದಲ್ಲಿ 50 ಲಕ್ಷ, 20 ವರ್ಷ ಎಂದು ಹಿಡಿಯೋಣ. ಇಎಂಐ 43,391 ರೂಪಾಯಿ. ಒಟ್ಟು ಕಟ್ಟುವುದು 1.04 ಕೋಟಿ, ಅದರಲ್ಲಿ ಬಡ್ಡಿಯೇ 54 ಲಕ್ಷ. ಇಷ್ಟನ್ನು ಹಲವರು ಕೇಳಿರುತ್ತಾರೆ. ಕೇಳಿರದ ಸಂಗತಿ, ಈ ಹಣ ಯಾವ ಕ್ರಮದಲ್ಲಿ ಹೋಗುತ್ತದೆ ಎಂಬುದು. ಮೊದಲ ಕಂತಿನಲ್ಲಿ 35,417 ರೂಪಾಯಿ ಬಡ್ಡಿ, 7,974 ಅಸಲು. ಐದು ವರ್ಷದಲ್ಲಿ 26 ಲಕ್ಷ ಕಟ್ಟಿದ ಮೇಲೆ ಕರಗಿದ ಅಸಲು ಆರು ಲಕ್ಷವೂ ಇಲ್ಲ. ಹತ್ತು ವರ್ಷ ಮುಗಿಯಿತು, 52 ಲಕ್ಷ ಕಟ್ಟಿಯಾಯಿತು, ಅಂದರೆ ಪಡೆದ ಸಾಲಕ್ಕಿಂತ ಹೆಚ್ಚೇ ಕೊಟ್ಟಾಯಿತು. ಬಾಕಿ ಇನ್ನೂ 35 ಲಕ್ಷ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗುವುದು ಹನ್ನೆರಡನೇ ವರ್ಷದ ಕೊನೆಯ ಹೊತ್ತಿಗೆ. ಸಾಲ ಅರ್ಧಕ್ಕೆ ಇಳಿಯುವುದು ಹದಿನಾಲ್ಕು ವರ್ಷ ತುಂಬುವ ಸುಮಾರಿಗೆ.

ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಾಕಿ ಇರುವ ಹಣಕ್ಕೆ ಬಡ್ಡಿ, ಅಷ್ಟೇ. ಮೊದಲಲ್ಲಿ ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಆದರೆ ಏಳೆಂಟು ವರ್ಷಕ್ಕೆ ಫ್ಲ್ಯಾಟ್ ಮಾರಿ ದೊಡ್ಡದು ಕೊಳ್ಳುತ್ತೇವೆ ಎನ್ನುವವರು ಈ ಲೆಕ್ಕವನ್ನು ಗೋಡೆಗೆ ಅಂಟಿಸಿಕೊಳ್ಳಬೇಕು. ಅವರು ಸಾಲದ ದುಬಾರಿ ಭಾಗವನ್ನು ಪೂರ್ತಿ ಅನುಭವಿಸಿ, ಅಗ್ಗದ ಭಾಗ ಬರುವ ಮೊದಲೇ ಎದ್ದು ಹೋಗಿ, ಹೊಸ ಸಾಲದ ಮೊದಲ ಕಂತಿಗೆ ಮತ್ತೆ ಕೂರುತ್ತಾರೆ.

ಅವಧಿಯ ಆಟ ಇನ್ನೂ ಸ್ಪಷ್ಟವಾಗುವುದು ಹೋಲಿಸಿದಾಗ. ಇದೇ ಸಾಲವನ್ನು 30 ವರ್ಷಕ್ಕೆ ಎಳೆದರೆ ಇಎಂಐ 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರ ಉಳಿಯಿತು ಎಂಬ ಸಮಾಧಾನಕ್ಕೆ ತೆರುವ ಬಡ್ಡಿ 34 ಲಕ್ಷ ಹೆಚ್ಚು. ಬದಲಿಗೆ 15 ವರ್ಷಕ್ಕೆ ಇಳಿಸಿದರೆ ಇಎಂಐ 49,237. ತಿಂಗಳಿಗೆ 5,846 ರೂಪಾಯಿ ಹೆಚ್ಚು ಕೊಟ್ಟರೆ ಹದಿನೈದೂವರೆ ಲಕ್ಷ ಉಳಿಯುತ್ತದೆ. ಇನ್ನು, ಎರಡು ವಾರ ನಾಲ್ಕು ಬ್ಯಾಂಕು ಸುತ್ತಿ, ಮ್ಯಾನೇಜರ್ ಜೊತೆ ಚೌಕಾಸಿ ಮಾಡಿ ದರವನ್ನು ಕಾಲು ಪರ್ಸೆಂಟ್ ಇಳಿಸಿಕೊಂಡೆವು ಎಂದು ಬೀಗುವವರ ಲಾಭ ಎಷ್ಟು ಗೊತ್ತೆ? ಇಪ್ಪತ್ತು ವರ್ಷಕ್ಕೆ 1.9 ಲಕ್ಷ. ಚೌಕಾಸಿ ಬೇಡ ಎಂದಲ್ಲ, ಕಾಲು ಪರ್ಸೆಂಟಿಗೆ ಅಷ್ಟು ಹೋರಾಡಿದವರು ಐದು ವರ್ಷವನ್ನು ತುಟಿಪಿಟಕ್ಕೆನ್ನದೆ ಬಿಟ್ಟುಕೊಡುತ್ತಾರಲ್ಲ ಎಂಬುದು ನನ್ನ ಆಶ್ಚರ್ಯ.

ಅಮೆರಿಕದಲ್ಲಿ ಮನೆ ಕೊಂಡ ಮಗಳೋ ಅಳಿಯನೋ ‘ನಮ್ಮದು ಮೂವತ್ತು ವರ್ಷದ ಲೋನ್’ ಎಂದಾಗ ಇಲ್ಲಿರುವ ಅಪ್ಪ ಅಮ್ಮ ‘ಹಾಗಾದರೆ ನಮಗೇಕೆ ಬೇಡ’ ಎನ್ನುವುದುಂಟು. ಅಲ್ಲಿಯ ಮೂವತ್ತು ವರ್ಷದ ಸಾಲದಲ್ಲಿ ದರ ಸಾಮಾನ್ಯವಾಗಿ ಮೊದಲ ದಿನವೇ ಸ್ಥಿರ. 2021ರ ಆರಂಭದಲ್ಲಿ ಶೇ 3ಕ್ಕಿಂತ ಕಡಿಮೆಗೆ ಸಾಲ ಪಡೆದವರಿಗೆ ಆಮೇಲೆ ಬಡ್ಡಿ ಎಷ್ಟೇ ಏರಿದರೂ ಬಿಸಿ ತಟ್ಟಲಿಲ್ಲ. ನಮ್ಮಲ್ಲಿ ಬಹುಪಾಲು ಗೃಹಸಾಲಗಳು ಬದಲಾಗುವ ದರದವು. ದರ ಏರುವ ಅಪಾಯವನ್ನು ಅಲ್ಲಿ ಸಾಲ ಕೊಟ್ಟವರು ಹೊರುತ್ತಾರೆ, ಇಲ್ಲಿ ಪಡೆದವರು. 2019ರ ಅಕ್ಟೋಬರ್ 1ರ ನಂತರ ಬ್ಯಾಂಕುಗಳಿಂದ ಪಡೆದ ಇಂಥ ಸಾಲಗಳು ರೆಪೊದಂಥ ಹೊರಗಿನ ಮಾನದಂಡಕ್ಕೆ ಜೋಡಣೆಯಾಗಿವೆ. ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಪರಿಷ್ಕರಣೆ ಆಗಲೇಬೇಕು. ಹಾಗಾಗಿ 2025ರಲ್ಲಿ ರೆಪೊ ಶೇ 6.5ರಿಂದ ಶೇ 5.25ಕ್ಕೆ ಇಳಿದಾಗ ಅದರ ಫಲವೂ ಬೇಗ ಸಿಕ್ಕಿತು. ಆದರೆ 2019ರ ಅಕ್ಟೋಬರಿಗೂ ಹಿಂದಿನ, ಬ್ಯಾಂಕಿನ ಸ್ವಂತ ಮಾನದಂಡದ ಎಂಸಿಎಲ್ಆರ್, ಬೇಸ್ ರೇಟ್ ಸಾಲಗಳಲ್ಲೇ ಉಳಿದವರಿಗೆ ಇಳಿಕೆ ನಿಧಾನವಾಗಿ ಬರುತ್ತದೆ. ವಸತಿ ಹಣಕಾಸು ಕಂಪನಿಗಳಿಗಂತೂ ಈ ಜೋಡಣೆಯ ನಿಯಮವೇ ಇಲ್ಲ, ಅವು ತಮ್ಮದೇ ಮೂಲದರ ಇಟ್ಟುಕೊಂಡಿವೆ. ಹಳೆಯ ಸಾಲ ಯಾವ ಕಟ್ಟಳೆಗೆ ಸೇರಿದ್ದು ಎಂದು ವಿಚಾರಿಸಿ, ಒಂದಿಷ್ಟು ಶುಲ್ಕ ಕೊಟ್ಟಾದರೂ ಬದಲಾಯಿಸಿಕೊಳ್ಳುವುದು ಬಹುತೇಕ ಲಾಭದಾಯಕ.

2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಹೊರಡಿಸಿದ ಸುತ್ತೋಲೆ ಹುಟ್ಟಿದ್ದೇ ಆ ‘ಕಂತಿನಲ್ಲಿ ಬದಲಾವಣೆ ಇಲ್ಲ’ ಸಂದೇಶಗಳ ಹಿನ್ನೆಲೆಯಲ್ಲಿ. ದರ ಬದಲಾದರೆ ಕಂತು ಹೆಚ್ಚಬೇಕೋ, ಅವಧಿ ಹೆಚ್ಚಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆಯನ್ನು ಸಾಲಗಾರರಿಗೆ ಕೊಡಬೇಕು ಎಂದಿತು. ಕಟ್ಟಿದ ಕಂತು ಬಡ್ಡಿಗೂ ಸಾಲದೆ ಬಾಕಿ ಬೆಳೆಯುವಂತೆ ಅವಧಿಯನ್ನು ಎಳೆಯಬಾರದು ಎಂದಿತು. ಈವರೆಗೆ ಎಷ್ಟು ಅಸಲು, ಎಷ್ಟು ಬಡ್ಡಿ ಜಮೆಯಾಗಿದೆ, ಇನ್ನೆಷ್ಟು ಕಂತು ಉಳಿದಿವೆ ಎಂಬ ಪಟ್ಟಿಯನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕು ಎಂದೂ ಹೇಳಿತು. ಆ ಪಟ್ಟಿಯಲ್ಲಿ ನೋಡಬೇಕಾದದ್ದು ಉಳಿದ ಕಂತುಗಳ ಸಂಖ್ಯೆ. ಹಿಂದಿನ ಪಟ್ಟಿಗಿಂತ ಅದು ಮೂರರಷ್ಟು ಕಡಿಮೆ ಇದೆಯೇ? ಇಲ್ಲವಾದರೆ ಏಕೆ? ಇಷ್ಟು ಕೇಳಲು ಹಣಕಾಸು ಪಂಡಿತರಾಗಬೇಕಿಲ್ಲ.

ಇನ್ನು ಸಾಲದ ಪತ್ರದಲ್ಲಿ ಎಲ್ಲೂ ಕಾಣದ ಸಾಲವೊಂದಿದೆ. 62.5 ಲಕ್ಷದ ಫ್ಲ್ಯಾಟಿಗೆ ಬ್ಯಾಂಕು ಶೇ 80ರಂತೆ 50 ಲಕ್ಷ ಕೊಡುತ್ತದೆ. ಉಳಿದ 12.5 ಲಕ್ಷ ಕೈಯಿಂದ. ಬೆಂಗಳೂರಿನಲ್ಲಾದರೆ ಮುದ್ರಾಂಕ ಶುಲ್ಕ, ಅದರ ಮೇಲಿನ ಸೆಸ್ಸು ಸರ್‌ಚಾರ್ಜು ಸೇರಿ ಶೇ 5.6, 2025ರ ಆಗಸ್ಟ್ ಕೊನೆಯಿಂದ ಕರ್ನಾಟಕದಲ್ಲಿ ನೋಂದಣಿ ಶುಲ್ಕ ಶೇ 1ರಿಂದ ಶೇ 2ಕ್ಕೆ ಏರಿದೆ. ಒಟ್ಟು ಶೇ 7.6 ಎಂದರೆ 4.75 ಲಕ್ಷ. ನಿರ್ಮಾಣ ಹಂತದ ಫ್ಲ್ಯಾಟಾದರೆ ಶೇ 5ರಷ್ಟು ಜಿಎಸ್‌ಟಿ, ಇನ್ನೂ ಮೂರು ಲಕ್ಷ ಚಿಲ್ಲರೆ. ಸಾಲದ ಮಿತಿಯನ್ನು ಲೆಕ್ಕ ಹಾಕುವಾಗ ಬ್ಯಾಂಕು ಮುದ್ರಾಂಕ, ನೋಂದಣಿ ಶುಲ್ಕಗಳನ್ನು ಮನೆಯ ಬೆಲೆಗೆ ಸೇರಿಸುವುದಿಲ್ಲ. ಹಾಗಾಗಿ ಆ ಹಣ ಬರುವುದು ಹೆಂಡತಿಯ ಒಡವೆಯಿಂದ, ಪಿಎಫ್ ಖಾತೆಯಿಂದ, ವೈಯಕ್ತಿಕ ಸಾಲದಿಂದ, ಭಾವಮೈದುನನ ಕೈಸಾಲದಿಂದ. ಪಿಎಫ್‌ನಲ್ಲಿ ಶೇ 8.25ರಂತೆ ಬೆಳೆಯುತ್ತಿದ್ದ ಹಣವನ್ನು ತೆಗೆದರೆ ಕಳೆದುಕೊಂಡ ಆ ಬಡ್ಡಿಯೂ ಮನೆಯ ಬೆಲೆಗೇ ಸೇರಬೇಕು. ಗೃಹಸಾಲಕ್ಕೆ ಶೇ 8.5 ಎಂದು ಖುಷಿಪಟ್ಟವರು ಅದರ ಪಕ್ಕದಲ್ಲೇ ಶೇ 12–14ರ ವೈಯಕ್ತಿಕ ಸಾಲ ಇಟ್ಟುಕೊಂಡಿರುತ್ತಾರೆ. ಮೊದಲು ತೀರಿಸಬೇಕಾದ್ದು ಅದನ್ನೇ.

ಸಾಲದ ಜೊತೆಗೇ ಅಂಟಿಸುವ ವಿಮೆಯದು ಇನ್ನೊಂದು ಕಥೆ. ಪ್ರೀಮಿಯಂ ಒಂದೂವರೆ ಲಕ್ಷ, ‘ಕೈಯಿಂದ ಕೊಡುವುದೇ ಬೇಡ ಸಾರ್, ಸಾಲಕ್ಕೇ ಸೇರಿಸುತ್ತೇವೆ’ ಎಂಬ ಸಿಹಿಮಾತು. ಸೇರಿಸಿದರೆ ಇಪ್ಪತ್ತು ವರ್ಷದಲ್ಲಿ ಅದಕ್ಕಾಗಿ ಕಟ್ಟುವುದು 3.12 ಲಕ್ಷ. ಸಾಲಗಾರ ತೀರಿಕೊಂಡರೆ ಕುಟುಂಬದ ತಲೆಮೇಲೆ ಸಾಲ ಬೀಳಬಾರದು, ನಿಜ. ಆದರೆ ಆ ಕೆಲಸವನ್ನು ಪ್ರತ್ಯೇಕವಾಗಿ ಕೊಂಡ ಟರ್ಮ್ ವಿಮೆಯೂ ಮಾಡುತ್ತದೆ. ಬ್ಯಾಂಕು ಹೇಳಿದ ಪಾಲಿಸಿಯನ್ನೇ ಕೊಳ್ಳಬೇಕೆಂಬ ಕಾನೂನು ಇಲ್ಲ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಮುಖ್ಯಾಂಶಗಳ ಪತ್ರವೊಂದನ್ನು ಕೊಡುವುದು ಕಡ್ಡಾಯ. ಶುಲ್ಕಗಳೆಲ್ಲ ಸೇರಿದ ವಾರ್ಷಿಕ ದರ ಎಷ್ಟು ಎಂಬುದು ಅದರಲ್ಲಿರುತ್ತದೆ. ಜಾಹೀರಾತಿನ ದರಕ್ಕೂ ಅದಕ್ಕೂ ಇರುವ ಅಂತರವನ್ನು ಸಹಿ ಹಾಕುವ ಮುಂಚೆ ನೋಡಿ.

‘ಟ್ಯಾಕ್ಸ್ ಉಳಿಯುತ್ತಲ್ಲ!’ ಎಂಬ ಮಾತಿಗೆ ಮೊದಲಿನ ತೂಕ ಇಲ್ಲ. ಶೇ 8.5ರ ಆ 50 ಲಕ್ಷದ ಸಾಲದಲ್ಲಿ ಮೊದಲ ವರ್ಷದ ಬಡ್ಡಿ 4.2 ಲಕ್ಷ. ಸ್ವಂತ ವಾಸದ ಮನೆಗೆ ಹಳೆಯ ತೆರಿಗೆ ಪದ್ಧತಿಯಲ್ಲೂ ವಿನಾಯಿತಿ ಸಿಗುವುದು 2 ಲಕ್ಷದವರೆಗೆ ಮಾತ್ರ. ಈಗ ತಾನಾಗಿಯೇ ಅನ್ವಯವಾಗುವ ಹೊಸ ಪದ್ಧತಿಯಲ್ಲಿ ಅದೂ ಇಲ್ಲ. ತೆರಿಗೆ ಉಳಿಸಲೆಂದೇ ಸಾಲ ಮುಂದುವರಿಸುತ್ತೇವೆ ಎನ್ನುವವರು ಹೆಚ್ಚೆಂದರೆ ಮೂವತ್ತು ಚಿಲ್ಲರೆ ರೂಪಾಯಿ ತೆರಿಗೆ ಉಳಿಸಲು ನೂರು ರೂಪಾಯಿ ಬಡ್ಡಿ ಕಟ್ಟುತ್ತಿದ್ದಾರೆ.

ಹಾಗೆಂದು ‘ಒಂದಕ್ಕೆ ಎರಡು ಕಟ್ಟುತ್ತೇವೆ, ಮನೆಸಾಲವೇ ಹಗಲುದರೋಡೆ’ ಎಂಬ ವಾಟ್ಸ್‌ಆ್ಯಪ್ ಗೋಳನ್ನೂ ನಾನು ಒಪ್ಪುವುದಿಲ್ಲ. ಬೆಲೆಗಳು ವರ್ಷಕ್ಕೆ ಶೇ 5ರಂತೆ ಏರಿದರೆ ಇಪ್ಪತ್ತನೇ ವರ್ಷ ಕಟ್ಟುವ 43,391 ರೂಪಾಯಿ ಇವತ್ತಿನ ಹದಿನಾರು ಸಾವಿರ ಚಿಲ್ಲರೆಗೆ ಸಮ. ಆ ಹೊತ್ತಿಗೆ ಸಂಬಳವೂ ಏರಿರುತ್ತದೆ. ಬಾಡಿಗೆ ಮನೆಯಲ್ಲಿದ್ದರೆ ಬಾಡಿಗೆಯನ್ನಂತೂ ಕೊಡುತ್ತಲೇ ಇರಬೇಕಿತ್ತು, ಅದೂ ವರ್ಷವರ್ಷ ಏರುತ್ತಿತ್ತು. ಮೊದಲ ವರ್ಷಗಳ ಕಂತು ಭಾರ, ಕೊನೆಯ ವರ್ಷಗಳದ್ದು ಹಗುರ. ಸಾಲದ ಅಪಾಯ ಒಟ್ಟು ಮೊತ್ತದಲ್ಲಿ ಇಲ್ಲ, ಮೊದಲ ಏಳೆಂಟು ವರ್ಷದಲ್ಲಿ ಕೆಲಸಕ್ಕೆ ಏನಾದರೂ ಆದರೆ ಎಂಬುದರಲ್ಲಿದೆ. ಐಟಿ ಕಂಪನಿಗಳ ಕೆಲಸಕಡಿತದ ಸುದ್ದಿ ಬಂದಾಗೆಲ್ಲ ವೈಟ್‌ಫೀಲ್ಡ್, ಸರ್ಜಾಪುರ ರಸ್ತೆಯ ಅಪಾರ್ಟ್‌ಮೆಂಟುಗಳಲ್ಲಿ ನಿದ್ದೆ ಕೆಡುವುದು ಇದಕ್ಕೇ. ಆರು ತಿಂಗಳ ಕಂತಿನಷ್ಟು ಹಣ ಕೈಯಲ್ಲಿಲ್ಲದೆ ಸಾಲ ಬೇಗ ತೀರಿಸುವ ಹಟಕ್ಕೆ ಬೀಳಬಾರದು.

ಅಷ್ಟು ಇದ್ದವರು ಮಾತ್ರ ತಡ ಮಾಡಬಾರದು. ವ್ಯಕ್ತಿಗಳು ಪಡೆದ, ಬದಲಾಗುವ ದರದ ಗೃಹಸಾಲಕ್ಕೆ ಮುಂಗಡ ಪಾವತಿಯ ದಂಡ ಇಲ್ಲ. ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಅದನ್ನು ನಿಷೇಧಿಸಿದ್ದು 2012ರಲ್ಲೇ. ಅದೇ 50 ಲಕ್ಷದ ಸಾಲಕ್ಕೆ ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚುವರಿ ಕಟ್ಟಿದರೆ ಕೊನೆಯ 11 ಕಂತುಗಳು ಮಾಯವಾಗುತ್ತವೆ. ಅದೇ ಒಂದು ಲಕ್ಷವನ್ನು ಹದಿನೈದನೇ ವರ್ಷ ಕಟ್ಟಿದರೆ ಹೋಗುವುದು ಮೂರೂವರೆ ಕಂತು. ಬೋನಸ್ಸು ಬಂದಾಗ ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟುತ್ತಾ ಬಂದರೆ ಸಾಲ ಮೂರು ವರ್ಷ ನಾಲ್ಕು ತಿಂಗಳು ಮೊದಲೇ ಮುಗಿದು ಹತ್ತು ಲಕ್ಷ ಉಳಿಯುತ್ತದೆ. ಸಂಬಳ ಏರಿದಂತೆ ಕಂತನ್ನೂ ವರ್ಷಕ್ಕೆ ಶೇ 5ರಷ್ಟು ಏರಿಸಿಕೊಂಡರೆ ಹನ್ನೆರಡು ವರ್ಷ ಎರಡು ಮೂರು ತಿಂಗಳಿಗೆ ಸಾಲ ಖಲಾಸ್. ಉಳಿತಾಯ 19 ಲಕ್ಷಕ್ಕೂ ಮೇಲೆ. ಎಫ್‌ಡಿಯ ಬಡ್ಡಿ ಸಾಮಾನ್ಯವಾಗಿ ಗೃಹಸಾಲದ ಬಡ್ಡಿಗಿಂತ ಕಡಿಮೆ, ಅದಕ್ಕೆ ತೆರಿಗೆ ಬೇರೆ. ಒಂದು ಕೈಯಲ್ಲಿ ಎಫ್‌ಡಿ, ಇನ್ನೊಂದು ಕೈಯಲ್ಲಿ ಸಾಲ ಇಟ್ಟುಕೊಳ್ಳುವುದು ಮನಸ್ಸಿನ ನೆಮ್ಮದಿಗೆ ಸರಿ, ಲೆಕ್ಕಕ್ಕಲ್ಲ. ಹೆಚ್ಚುವರಿ ಹಣ ಕಟ್ಟುವಾಗ ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಎಂದು ಬರೆದು ಕೊಟ್ಟು, ಹೊಸ ಕಂತುಪಟ್ಟಿ ಪಡೆದೇ ಹೊರಬನ್ನಿ. ದರ ಇಳಿದಾಗಲೂ ಇದೇ ಮಾತು: ಹಳೆಯ ಕಂತನ್ನೇ ಮುಂದುವರಿಸಿ.

ಸಾಲ ತೀರಿದ ದಿನದ ಕೆಲಸವೂ ಒಂದಿದೆ. 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ನಿಯಮದಂತೆ ಪೂರ್ತಿ ಪಾವತಿಯಾದ 30 ದಿನದೊಳಗೆ ಮೂಲಪತ್ರಗಳನ್ನು ಹಿಂದಿರುಗಿಸಬೇಕು. ತನ್ನ ತಪ್ಪಿನಿಂದ ತಡವಾದರೆ ಬ್ಯಾಂಕು ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. ಸೇಲ್ ಡೀಡ್ ಕೈಗೆ ಬಂತೆಂದು ಬೀರುವಿಗೆ ಸೇರಿಸುವ ಮುನ್ನ ಸಬ್ ರಿಜಿಸ್ಟ್ರಾರ್ ಕಚೇರಿಯ ದಾಖಲೆಯಲ್ಲಿ ಅಡಮಾನ ರದ್ದಾಗಿದೆಯೇ ಎಂದು ಹೊಸ ಋಣಭಾರ ಪ್ರಮಾಣಪತ್ರ (ಇ.ಸಿ.) ತೆಗೆಸಿ ನೋಡಿ. ಇಲ್ಲವಾದರೆ ಹತ್ತು ವರ್ಷದ ನಂತರ ಮನೆ ಮಾರಲು ಹೊರಟಾಗ ತೀರಿದ ಸಾಲವೇ ಅಡ್ಡ ಬರುತ್ತದೆ.