ಎರಡನೇ ಲೋಟ

ಅಪ್ಪ ತೀರಿಕೊಂಡು ತಿಂಗಳಾಗಿತ್ತು. ಬೆಳಗ್ಗೆ ಅಮ್ಮ ಡಿಕಾಕ್ಷನ್ ಬಗ್ಗಿಸಿದರೆ ಎರಡು ಲೋಟಕ್ಕೇ ಬಗ್ಗಿಸುತ್ತಿದ್ದಳು. ಬಗ್ಗಿಸಿದ ಮೇಲೆ ಕೈ ತಡೆಯುತ್ತಿತ್ತು. "ಥೂ, ಏನು ಮರೆವೋ" ಎಂದು ಎರಡನೆಯದನ್ನು ನನ್ನ ಕಡೆ ಸರಿಸುತ್ತಿದ್ದಳು.

ಅದು ಮರೆವಲ್ಲ, ಅತಿಯಾದ ನೆನಪು. ನಾರ್ವೆಯ ನರವಿಜ್ಞಾನಿಗಳಾದ ಮೇ-ಬ್ರಿಟ್ ಮತ್ತು ಎಡ್ವರ್ಡ್ ಮೋಸರ್ ಅವರ ತಂಡ 2013ರಲ್ಲಿ ಇಲಿಗಳ ಮಿದುಳಿನಲ್ಲಿ ಒಂದು ಸೋಜಿಗ ಕಂಡಿತು. ಇಲಿ ಓಡಾಡುವ ಪೆಟ್ಟಿಗೆಯಲ್ಲಿ ಒಂದು ವಸ್ತು ಇಟ್ಟು, ಆಮೇಲೆ ತೆಗೆದುಬಿಟ್ಟರು. ಆದರೂ ಆ ವಸ್ತು ಇದ್ದ ಜಾಗಕ್ಕೆ ಇಲಿ ಬಂದಾಗಲೆಲ್ಲ ಕೆಲವು ನರಕೋಶಗಳು ಮಿಡಿಯುತ್ತಲೇ ಇದ್ದವು, ದಿನಗಟ್ಟಲೆ.

ಇಲಿಯ ಪೆಟ್ಟಿಗೆಗೂ ನಮ್ಮ ಅಡುಗೆಮನೆಗೂ ದೂರ ಬಹಳ, ಒಪ್ಪುತ್ತೇನೆ. ಆದರೆ ಶೋಕದ ನರವಿಜ್ಞಾನವನ್ನೇ ಅಭ್ಯಾಸ ಮಾಡಿರುವ ಅಮೆರಿಕದ ಮೇರಿ-ಫ್ರಾನ್ಸಿಸ್ ಓಕಾನರ್ ಕೂಡ ಶೋಕವನ್ನು ಒಂದು ಕಲಿಕೆ ಎಂದೇ ನೋಡುತ್ತಾರೆ. ಮಿದುಳು ಸದಾ ಮುಂದಿನ ಗಳಿಗೆಯ ಅಂದಾಜು ಕಟ್ಟುತ್ತಿರುತ್ತದೆ. ನಲವತ್ತು ವರ್ಷ ಸಂಜೆ ಆರಕ್ಕೆ ಗೇಟು ಕಿರುಗುಟ್ಟಿದ್ದರೆ, ಇವತ್ತೂ ಆರಕ್ಕೆ ಕಿವಿ ಅತ್ತಲೇ. ಸಾವಿನ ಸುದ್ದಿ ತಲುಪಲು ಒಂದು ಫೋನು ಸಾಕು; ಆ ಅಂದಾಜು ತಿದ್ದಿಕೊಳ್ಳಲು ಎಷ್ಟೋ ಸಂಜೆಗಳು ಸುಳ್ಳಾಗಬೇಕು.

ನಿರಾಕರಣೆ, ಸಿಟ್ಟು, ಚೌಕಾಸಿ, ಖಿನ್ನತೆ, ಒಪ್ಪಿಗೆ ಎಂಬ ಶೋಕದ ಐದು ಮೆಟ್ಟಿಲು ಎಲ್ಲರಿಗೂ ಬಾಯಿಪಾಠ. ಮನೋವೈದ್ಯೆ ಎಲಿಜಬೆತ್ ಕ್ಯೂಬ್ಲರ್-ರಾಸ್ 1969ರಲ್ಲಿ ಅದನ್ನು ಬರೆದದ್ದು ಸಾವಿನ ಹೊಸ್ತಿಲಲ್ಲಿದ್ದ ರೋಗಿಗಳನ್ನು ಮಾತಾಡಿಸಿ. ಉಳಿದುಕೊಂಡವರು ಹೀಗೆ ಸಾಲಾಗಿ ಮೆಟ್ಟಿಲು ಹತ್ತಿದ್ದನ್ನು ನಾನಂತೂ ಕಂಡಿಲ್ಲ. ಶೋಕದ ಸಂಶೋಧಕರಾದ ಸ್ಟ್ರೋಬ್ ಮತ್ತು ಶುಟ್ 1999ರಲ್ಲಿ ಕೊಟ್ಟ ಚಿತ್ರವೇ ನಿಜಕ್ಕೆ ಹತ್ತಿರ: ಅದೊಂದು ಜೀಕಾಟ. ಬೆಳಗ್ಗೆ ಅಪ್ಪನ ಕನ್ನಡಕ ಹಿಡಿದು ಅತ್ತ ಅಮ್ಮ ಮಧ್ಯಾಹ್ನ ಪಿಂಚಣಿ ಕಾಗದ ಹಿಡಿದು ಬ್ಯಾಂಕಿನ ಗುಮಾಸ್ತನ ಜೊತೆ ಜಗಳಕ್ಕೆ ನಿಂತಿರುತ್ತಾಳೆ. ಎರಡೂ ಬೇಕು.

ಇನ್ನೊಂದು ಸಂಗತಿ. ವೇಲ್ಸ್‌ನ ವೈದ್ಯ ಡೆವಿ ರೀಸ್ ಸಂಗಾತಿಯನ್ನು ಕಳೆದುಕೊಂಡ 293 ಜನರನ್ನು ವಿಚಾರಿಸಿ 1971ರಲ್ಲಿ ವರದಿ ಮಾಡಿದರು. ಹೆಚ್ಚುಕಡಿಮೆ ಅರ್ಧದಷ್ಟು ಮಂದಿಗೆ ಹೋದವರು ಒಂದಲ್ಲ ಒಂದು ಬಗೆಯಲ್ಲಿ ಬಳಿಯಲ್ಲೇ ಇದ್ದಂತೆ ಅನ್ನಿಸಿತ್ತು. ಕೆಲವರಿಗೆ ದನಿಯೂ ಕೇಳಿಸಿತ್ತು. ಬಹುಪಾಲು ಜನ ಅದನ್ನು ಯಾರಲ್ಲೂ ಬಾಯಿ ಬಿಟ್ಟಿರಲಿಲ್ಲ.

ನಮ್ಮಲ್ಲಿ ಅದಕ್ಕೊಂದು ದಿನವನ್ನೇ ಇಟ್ಟಿದ್ದಾರೆ. ಪಿತೃಪಕ್ಷದಲ್ಲಿ ಎಡೆ ಇಡುವಾಗ ಅಮ್ಮ ಎಲೆಯ ಪಕ್ಕಕ್ಕೆ ಕಾಫಿ ಲೋಟವನ್ನೂ ಇಡುತ್ತಾಳೆ. ಸಕ್ಕರೆ ಕಾಯಿಲೆಯೆಂದು ಹತ್ತು ವರ್ಷ ಅಪ್ಪನಿಗೆ ಸಪ್ಪೆ ಕಾಫಿ ಕುಡಿಸಿದವಳು, ಈಗ ಎರಡು ಚಮಚ ಹಾಕಿ ಕದಡುತ್ತಾಳೆ. "ಇನ್ನೇನಾಗೋದಿದೆ ಅವರಿಗೆ, ಕುಡೀಲಿ ಬಿಡು."