ಐದು ವರ್ಷಕ್ಕೆಂದು ಕಟ್ಟಿದ ಹಡಗು

ಕ್ಯಾಲಿಫೋರ್ನಿಯಾದಲ್ಲಿರುವ ಮಗನ ಮನೆಗೋ ಮಗಳ ಮನೆಗೋ ಹೋಗಿಬರುವ ನಮ್ಮವರು ಸ್ಯಾನ್ ಫ್ರಾನ್ಸಿಸ್ಕೋದ ಗೋಲ್ಡನ್ ಗೇಟ್ ಸೇತುವೆ ನೋಡದೆ ಹಿಂತಿರುಗುವುದಿಲ್ಲ. ಅದೇ ಊರಿನ ಬಂದರಿನಲ್ಲಿ ಬೂದುಬಣ್ಣದ ಹಳೆಯ ಸರಕು ಹಡಗೊಂದಿದೆ. ಹೆಸರು ಎಸ್.ಎಸ್. ಜೆರೆಮಯಾ ಓಬ್ರಿಯನ್. ಎರಡನೇ ಮಹಾಯುದ್ಧದ ನಡುವೆ, 1943ರ ಜೂನ್‌ನಲ್ಲಿ, ಮೇನ್ ರಾಜ್ಯದ ಸೌತ್ ಪೋರ್ಟ್‌ಲೆಂಡಿನಲ್ಲಿ ನೀರಿಗಿಳಿದದ್ದು. ಇದನ್ನು ವಸ್ತುಸಂಗ್ರಹಾಲಯ ಎಂದರೆ ಅರ್ಧ ಮಾತು ಹೇಳಿದಂತೆ. ಇದರ ಬಾಯ್ಲರಿಗೆ ಇಂದಿಗೂ ಬೆಂಕಿ ಹಾಕುತ್ತಾರೆ, ಎಂಜಿನ್ ಇಂದಿಗೂ ತಿರುಗುತ್ತದೆ.

ಇಂಥ ಹಡಗುಗಳು ಹುಟ್ಟಿದ್ದೇ ಅವಸರದಲ್ಲಿ. ಜರ್ಮನಿಯ ಸಬ್‌ಮೆರೀನ್‌ಗಳು ಅಟ್ಲಾಂಟಿಕ್‌ನಲ್ಲಿ ಬ್ರಿಟನ್ನಿನ ಸರಕು ಹಡಗುಗಳನ್ನು ಒಂದರ ಹಿಂದೊಂದು ಮುಳುಗಿಸುತ್ತಿದ್ದವು. 1940ರಲ್ಲಿ ಬ್ರಿಟಿಷರ ತಂಡವೊಂದು ಇಂಗ್ಲೆಂಡಿನ ಸಂಡರ್‌ಲೆಂಡಿನಲ್ಲಿ ಸಿದ್ಧವಾದ ಹಡಗಿನ ನಕ್ಷೆ ಹಿಡಿದು ಅಮೆರಿಕಕ್ಕೆ ಬಂದು 60 ಹಡಗು ಕಟ್ಟಿಕೊಡಿ ಎಂದು ಕೇಳಿತು. ಅದೇ ನಕ್ಷೆಯನ್ನು ತಿದ್ದಿ ಅಮೆರಿಕ ತನಗಾಗಿ ಕಟ್ಟಿಕೊಂಡವೇ ಲಿಬರ್ಟಿ ಹಡಗುಗಳು. ಉದ್ದ 441 ಅಡಿ, ವೇಗ 11 ನಾಟ್. ರಿವೆಟ್ ಹೊಡೆಯುವ ಬದಲು ಹೆಚ್ಚಿನ ಕಡೆ ಬೆಸುಗೆ. ಬೇರೆಡೆ ಸಿದ್ಧವಾದ ಭಾಗಗಳನ್ನು ತಂದು ಜೋಡಿಸುವ ಪದ್ಧತಿ. ಹಡಗು ಕಟ್ಟಿಯೇ ಗೊತ್ತಿಲ್ಲದ ಗಂಡಸರು, ಸಾವಿರಾರು ಹೆಂಗಸರು ಬೆಸುಗೆ ಕಲಿತು ಹಗಲೂ ರಾತ್ರಿ ದುಡಿದರು. ಯುದ್ಧ ಮುಗಿಯುವ ಹೊತ್ತಿಗೆ 2,710 ಲಿಬರ್ಟಿ ಹಡಗುಗಳು ನೀರಿಗಿಳಿದಿದ್ದವು. ಅದರಲ್ಲಿ ರಾಬರ್ಟ್ ಇ. ಪಿಯರಿ ಎಂಬುದನ್ನು ಐದು ದಿನ ತುಂಬುವ ಮೊದಲೇ ಕಟ್ಟಿ ನೀರಿಗಿಳಿಸಿದರು. ಅದು ಪ್ರಚಾರಕ್ಕೆ ಮಾಡಿದ ಸಾಹಸ, ನಿಜ. ಆದರೆ ನಮ್ಮ ಓಬ್ರಿಯನ್ ಕೂಡ ಎರಡು ತಿಂಗಳೊಳಗೆ ತಯಾರಾಯಿತು. ಐದು ವರ್ಷ ಬಾಳಿದರೆ ಸಾಕು ಎಂಬುದು ಲೆಕ್ಕಾಚಾರ.

ಅದೇ ಸಂಡರ್‌ಲೆಂಡ್ ನಕ್ಷೆಯಿಂದ ಕೆನಡಾದಲ್ಲಿ ಕಟ್ಟಿದ 'ಫೋರ್ಟ್' ಹಡಗುಗಳಲ್ಲೊಂದು ಫೋರ್ಟ್ ಸ್ಟಿಕೀನ್. ಹತ್ತಿಯ ಮೂಟೆಗಳನ್ನೂ ಸ್ಫೋಟಕಗಳನ್ನೂ ಒಟ್ಟಿಗೆ ಹೊತ್ತು ಬಂದು 1944ರ ಏಪ್ರಿಲ್ 14ರಂದು ಮುಂಬಯಿ ಬಂದರಿನಲ್ಲಿ ಸಿಡಿದದ್ದು ಅದೇ. ಬೆಂಕಿ ಆರಿಸಲು ಹೋಗಿ ಮಡಿದ 66 ಅಗ್ನಿಶಾಮಕ ಸಿಬ್ಬಂದಿಯ ನೆನಪಿಗೆ ಆ ದಿನವನ್ನು ನಮ್ಮಲ್ಲಿ ಅಗ್ನಿಶಾಮಕ ಸೇವಾ ದಿನವಾಗಿ ಆಚರಿಸುತ್ತಾರೆ. ಲಿಬರ್ಟಿ ಹಡಗುಗಳ ಕಥೆ ನಮಗೆ ತೀರಾ ಪರಕೀಯವೇನಲ್ಲ.

ಓಬ್ರಿಯನ್‌ನಲ್ಲಿ ನೋಡಲೇಬೇಕಾದದ್ದು ಎಂಜಿನ್ ಕೋಣೆ. 1943ಕ್ಕೇ ಅದು ಹಳೆಯ ಕಾಲದ ಎಂಜಿನ್ ಎನಿಸಿಕೊಂಡಿತ್ತು. ಟರ್ಬೈನು, ಡೀಸೆಲ್ ಎಂಜಿನ್ನುಗಳೆಲ್ಲ ಯುದ್ಧನೌಕೆಗಳಿಗೆ ಬೇಕಾಗಿದ್ದವು. ಸರಕು ಹಡಗಿಗೆ ಸಿಕ್ಕಿದ್ದು ಯಾವ ಸಾಧಾರಣ ಕಾರ್ಖಾನೆಯೂ ಮಾಡಬಲ್ಲ ಮೂರು ಸಿಲಿಂಡರಿನ ಆವಿ ಎಂಜಿನ್. ಬಾಯ್ಲರಿನ ಆವಿ ಮೊದಲು ಎರಡು ಅಡಿ ಅಗಲದ ಸಿಲಿಂಡರಿಗೆ ನುಗ್ಗುತ್ತದೆ. ಅಲ್ಲಿ ಬಲ ಕೊಟ್ಟು, ಹಿಗ್ಗಿ, ಮೂರಡಿಯದಕ್ಕೆ ಹೋಗುತ್ತದೆ. ಇನ್ನೂ ಹಿಗ್ಗಿ ಕೊನೆಗೆ ಸುಮಾರು ಆರಡಿ ಅಗಲದ ಸಿಲಿಂಡರನ್ನು ಸೇರುತ್ತದೆ. ಒಂದೇ ಆವಿಯಿಂದ ಮೂರು ಸಲ ಕೆಲಸ. ಎರಡಾಳೆತ್ತರ ಮೀರಿದ ಈ ಯಂತ್ರ ಪೂರ್ತಿ ವೇಗದಲ್ಲೂ ನಿಮಿಷಕ್ಕೆ 76 ಸುತ್ತಷ್ಟೇ. ಹಾಗಾಗಿಯೇ ಕಣ್ಣಿನಿಂದ ಅದನ್ನು ಹಿಂಬಾಲಿಸಬಹುದು: ಉಕ್ಕಿನ ದಂಡ ಇಳಿಯುವುದು, ಕ್ರ್ಯಾಂಕ್ ಹೊರಳುವುದು, ಮತ್ತೆ ಏರುವುದು.

ಎಣ್ಣೆ ಹಾಕುವವನ ಕೆಲಸವನ್ನು ಹತ್ತಿರದಿಂದ ನೋಡಬೇಕು. ಬೇರಿಂಗ್ ಬಿಸಿಯಾಗಿದೆಯೇ ಎಂದು ತಿಳಿಯಲು ಅವನು ನಂಬುವುದು ತನ್ನ ಅಂಗೈಯನ್ನು. ಕ್ರ್ಯಾಂಕಿನ ಲಯಕ್ಕೆ ಕೈ ಹೊಂದಿಸಿ ಒಳಗೆ ಚಾಚುತ್ತಾನೆ, ತಿರುಗುತ್ತಿರುವ ಲೋಹವನ್ನು ಒಂದು ಗಳಿಗೆ ಸವರುತ್ತಾನೆ, ಮುಂದಿನ ಸುತ್ತಿಗೆ ಮೊದಲು ಕೈ ಈಚೆ ತೆಗೆಯುತ್ತಾನೆ. ಲಯ ತಪ್ಪಿದರೆ ಕೈಯೇ ಹೋದೀತು. ಪುಸ್ತಕ ಓದಿ ಇದನ್ನು ಕಲಿಯಲಾಗದು. ತಿರುಗುವ ಎಂಜಿನ್ ಬೇಕು, ಪಕ್ಕದಲ್ಲಿ ನಿಂತು ಕಲಿಸುವವನು ಬೇಕು. ಈ ಹಡಗನ್ನು ಓಡಿಸುತ್ತಲೇ ಉಳಿಸಿಕೊಂಡಿರುವುದು ಎಷ್ಟು ದೊಡ್ಡ ಕೆಲಸ ಎಂಬುದು ನನಗೆ ಮನದಟ್ಟಾಗುವುದು ಇಲ್ಲಿಯೇ.

ಲಿಬರ್ಟಿಗಳಿಗೆ ಕುಂದುಗಳೂ ಇದ್ದವು. ಚಳಿಯ ಕಡಲಲ್ಲಿ ಕೆಲವು ಇದ್ದಕ್ಕಿದ್ದಂತೆ ಬಿರುಕುಬಿಟ್ಟವು, ಕೆಲವು ಮುರಿದೇ ಹೋದವು. ಎಲ್ಲರೂ ಬೆಸುಗೆಯವರನ್ನು ದೂರಿದರು. ತಣ್ಣಗಾದಾಗ ಆ ಉಕ್ಕೇ ಪೆಡಸಾಗುತ್ತದೆ ಎಂದು ತೋರಿಸಿಕೊಟ್ಟವರು ಕೇಂಬ್ರಿಜ್‌ನ ವಿಜ್ಞಾನಿ ಕಾನ್‌ಸ್ಟನ್ಸ್ ಟಿಪ್ಪರ್. ಬೆಸೆದ ಹಡಗಿನಲ್ಲಿ ತಡೆಯುವ ಜೋಡಣೆ ಇಲ್ಲದ್ದರಿಂದ ಒಂದು ಕಡೆ ಹುಟ್ಟಿದ ಬಿರುಕು ತಟ್ಟೆಯಿಂದ ತಟ್ಟೆಗೆ ಓಡುತ್ತಿತ್ತು.

ಓಬ್ರಿಯನ್ ಏಳು ಯುದ್ಧಯಾನಗಳನ್ನು ಮಾಡಿತು. 1944ರಲ್ಲಿ ಇಂಗ್ಲೆಂಡ್ ಮತ್ತು, ಮಿತ್ರಪಡೆಗಳು ದಾಳಿಯಿಟ್ಟ ಫ್ರಾನ್ಸಿನ ನಾರ್ಮಂಡಿ ತೀರದ ನಡುವೆ 11 ಬಾರಿ ಸೈನಿಕರನ್ನೂ ಸರಂಜಾಮನ್ನೂ ಸಾಗಿಸಿತು. ಆಮೇಲಿನ ಯಾನಗಳಲ್ಲಿ ದಕ್ಷಿಣ ಅಮೆರಿಕ, ಆಸ್ಟ್ರೇಲಿಯಾ, ಫಿಲಿಪ್ಪೀನ್ಸ್, ಚೀನಾ ಮಾತ್ರವಲ್ಲ, ಭಾರತಕ್ಕೂ ಬಂದುಹೋಯಿತು. ಇಂಥ ಹಡಗುಗಳನ್ನು ನಡೆಸಿದವರು ವ್ಯಾಪಾರಿ ಹಡಗಿನ ನಾವಿಕರು. ಟಾರ್ಪೆಡೊಗೆ ಎದೆಯೊಡ್ಡಿದ ಇವರನ್ನು ಮಾಜಿ ಯೋಧರೆಂದು ಅಮೆರಿಕ ಸರ್ಕಾರ ಒಪ್ಪಿಕೊಂಡದ್ದು 1988ರಲ್ಲಿ. ಅಷ್ಟರಲ್ಲಿ ಎಷ್ಟೋ ಮಂದಿ ತೀರಿಹೋಗಿದ್ದರು. ಆ ವಿಳಂಬವನ್ನು ಕ್ಷಮಿಸುವುದು ಕಷ್ಟ.

1946ರಲ್ಲಿ ಹಡಗನ್ನು ಸ್ಯಾನ್ ಫ್ರಾನ್ಸಿಸ್ಕೋ ಬಳಿಯ ಸುಸೂನ್ ಕೊಲ್ಲಿಯಲ್ಲಿ, ಯಂತ್ರಗಳಿಗೆ ದಪ್ಪ ಗ್ರೀಸ್ ಮೆತ್ತಿ, ನೂರಾರು ಹಡಗುಗಳ ಸಾಲಿನಲ್ಲಿ ಕಟ್ಟಿಹಾಕಿದರು. ಅಲ್ಲಿಂದ ಒಂದೊಂದೇ ಗುಜರಿಗೆ ಹೋಗುತ್ತಿತ್ತು. ಸರ್ಕಾರದ ಕಡಲ ಸಾರಿಗೆ ಇಲಾಖೆಯ ಥಾಮಸ್ ಪ್ಯಾಟರ್ಸನ್ ಎಂಬ ಅಧಿಕಾರಿ, ಹೆಚ್ಚು ಬದಲಾವಣೆ ಕಾಣದ ಈ ಹಡಗನ್ನು ಗುರುತಿಸಿ ಗುಜರಿ ಪಟ್ಟಿಯ ಕೊನೆಗೆ ತಳ್ಳುತ್ತ ಬಂದರು. 1979ರಲ್ಲಿ ಸ್ವಯಂಸೇವಕರು ಗ್ರೀಸ್ ಕೆರೆದು ಬಾಯ್ಲರ್ ಹೊತ್ತಿಸಿದರು. 33 ವರ್ಷ ನಿಂತಿದ್ದ ಹಡಗು ತನ್ನದೇ ಆವಿಯ ಬಲದಿಂದ ಆ ಸಾಲು ಬಿಟ್ಟು ಹೊರಬಂತು.

1994ರಲ್ಲಿ ನಾರ್ಮಂಡಿ ದಾಳಿಯ ಐವತ್ತನೇ ವರ್ಷದ ನೆನಪಿಗೆ ಓಬ್ರಿಯನ್ ಪನಾಮಾ ಕಾಲುವೆ ದಾಟಿ ಅಟ್ಲಾಂಟಿಕ್ ಹಾಯ್ದು ಅದೇ ತೀರಕ್ಕೆ ಹೋಗಿ ಬಂತು. ಸಿಬ್ಬಂದಿಯಲ್ಲಿ ಬಹುಪಾಲು ವಯಸ್ಸಾದ ಸ್ವಯಂಸೇವಕರು. ಮೂರು ವರ್ಷದ ಬಳಿಕ ತೆರೆಕಂಡ 'ಟೈಟಾನಿಕ್' ಸಿನಿಮಾದ ಎಂಜಿನ್ ದೃಶ್ಯಗಳಿಗೂ ಚಿತ್ರತಂಡ ಬಳಸಿಕೊಂಡದ್ದು ಇದೇ ಎಂಜಿನ್ನನ್ನು.

2020ರ ಮೇ ತಿಂಗಳಲ್ಲಿ ಪಕ್ಕದ ಕಟ್ಟೆಯ ಗೋದಾಮಿಗೆ ಬೆಂಕಿ ಬಿದ್ದಾಗ ಅಗ್ನಿಶಾಮಕ ದೋಣಿ ನಡುವೆ ನಿಂತು ನೀರು ಹಾಯಿಸಿ ಹಡಗನ್ನು ಉಳಿಸಿತು. ಲಿಬರ್ಟಿಗಳ ಪೈಕಿ ಇದರಂತೆ ತನ್ನ ಎಂಜಿನ್‌ನಿಂದಲೇ ಸಾಗುವ ಸ್ಥಿತಿಯಲ್ಲಿ ಉಳಿಸಿಕೊಂಡು ಬಂದಿರುವ ಇನ್ನೊಂದೇ ಹಡಗು ಬಾಲ್ಟಿಮೋರ್‌ನ ಜಾನ್ ಡಬ್ಲ್ಯೂ. ಬ್ರೌನ್. ಓಬ್ರಿಯನ್ ನೋಡಲು ಹೋಗುವವರು ಎಂಜಿನ್ ಓಡಿಸುವ ವಾರಾಂತ್ಯ ಯಾವುದೆಂದು ಮೊದಲೇ ವಿಚಾರಿಸಿಕೊಳ್ಳುವುದು ಒಳ್ಳೆಯದು. ಕೆಳಗಿಳಿಯುವ ಕಬ್ಬಿಣದ ಏಣಿ ಕಡಿದು, ಕೋಣೆಯಲ್ಲಿ ಸೆಕೆ. ಕಾಲಿಗೆ ಗಟ್ಟಿ ಬೂಟು ಇರಲಿ.